ಭಾನುವಾರ ನಾಲ್ಕ್ ಗಂಟೆ ಬೇಜಾರು: ಊರು ಬಿಟ್ಟು ಬಂದು ಪಿಜಿಲಿರೋ ಹುಡ್ಗೀರು ಒಂಟಿತನಕ್ಕೆ ಏನ್ ಮಾಡ್ಬಹುದು

ಭಾನುವಾರ ಮಧ್ಯಾಹ್ನ ನಾಲ್ಕ್ ಗಂಟೆ ಆಗಿರುತ್ತೆ. ಪಿಜಿಲಿ ಊಟ ಮುಗ್ದಿರುತ್ತೆ, ರೂಮ್‌ಮೇಟ್ ಶುಕ್ರವಾರ ರಾತ್ರಿನೇ ಬಸ್ ಹತ್ತಿ ಊರಿಗೆ ಹೋಗಿರ್ತಾಳೆ, ಬಟ್ಟೆ ಒಗ್ದು ಟೆರೇಸಲ್ಲಿ ಒಣಗಾಕಿದ್ದೂ ಆಗಿರುತ್ತೆ, ಇನ್ನು ಸೋಮವಾರ ಬೆಳಿಗ್ಗೆ ಆಫೀಸಿಗೆ ಹೋಗೋ ತನಕ ಹೆಸ್ರಿಡಿದು ಕರೆಯೋರು ಒಬ್ರೂ ಇಲ್ಲ. ಯಾರೂ ಬೈದಿಲ್ಲ, ಏನೂ ಕಳ್ಕೊಂಡಿಲ್ಲ, ಸಂಬಳನೂ ಬಂದಿದೆ, ಆದ್ರೂ ಎದೆ ಮೇಲೆ ರಾಗಿ ಮೂಟೆ ಇಟ್ಟಂಗೆ ಆಗಿರುತ್ತೆ. ಇದು ಗೊತ್ತಿರೋ ಹುಡ್ಗೀರಿಗೆ ಅಂತ ಬರೀತಿದೀನಿ.

ನಾನು ಅರಸೀಕೆರೆ ಕಡೆಯೋಳು. ಡಿಗ್ರಿ ಮುಗಿಸಿ ಬೆಂಗಳೂರಿನ ಬಿಟಿಎಂ ಲೇಔಟಲ್ಲಿ ಒಂದು ತ್ರೀ ಶೇರಿಂಗ್ ಪಿಜಿ ಸೇರ್ಕೊಂಡೆ, ಮೊದಲ ಒಂದೂವರೆ ವರ್ಷ ಹೆಂಗ್ ಕಳೆದೆ ಅಂತ ನೆನೆಸ್ಕೊಂಡ್ರೆ ಈಗ್ಲೂ ಗಂಟಲು ಕಟ್ಟುತ್ತೆ. ರೂಮಲ್ಲಿ ಮೂರ್ ಜನ ಇದ್ವಿ, ಮೂರ್ ಜನಕ್ಕೂ ಇಯರ್‌ಫೋನ್ ಇತ್ತು, ಲೈಟ್ ಆಫ್ ಮಾಡ್ಲಾ ಅನ್ನೋದೊಂದೇ ಮಾತು. ಆಮೇಲೆ ಸರಿ ಹೋಯ್ತು, ಆದ್ರೆ ತಾನಾಗೇ ಸರಿ ಹೋಗ್ಲಿಲ್ಲ, ಕೆಲವು ಕೆಲ್ಸ ಬೇಕಂತ್ಲೇ ಮಾಡ್ದೆ, ಕೆಲವು ತಪ್ಪು ಮಾಡಿ ಕಲ್ತೆ. ಅವನ್ನೇ ಹೇಳ್ತೀನಿ, ನಿಮಗೆ ಯಾವ್ದು ಹೊಂದುತ್ತೋ ಅದನ್ನ ತಗೊಳ್ಳಿ.

ಮೊದ್ಲು ಯಾವ ಬೇಜಾರು ಅಂತ ನೋಡ್ಕೊಳ್ಳಿ

ಬೇಜಾರು ಅನ್ನೋ ಒಂದೇ ಪದನ ನಾವು ಎಷ್ಟಕ್ಕೆಲ್ಲ ಬಳಸ್ತೀವಿ ನೋಡಿ. ಟೈಮ್‌ಪಾಸ್ ಆಗ್ದಿದ್ರೂ ಬೇಜಾರು, ಯಾರಾದ್ರೂ ಚುಚ್ಚಿ ಮಾತಾಡಿದ್ರೂ ಬೇಜಾರು, ಸುಸ್ತಾದ್ರೂ ಬೇಜಾರು, ಮನೇಲಿ ಯಾರಾದ್ರೂ ತೀರ್ಕೊಂಡ್ರೂ ಬೇಜಾರು. ಹಂಗಾಗಿ ಅಮ್ಮಂಗೆ ಫೋನ್ ಮಾಡಿ "ಯಾಕೋ ಬೇಜಾರು" ಅಂದ್ರೆ ಅವರು "ಸ್ವಲ್ಪ ಹೊತ್ತು ಮಲ್ಕೋ, ಇಲ್ಲ ಮೊಬೈಲಲ್ಲಿ ಏನಾದ್ರೂ ನೋಡು" ಅಂತಾರೆ, ಅವರದ್ದೇನೂ ತಪ್ಪಿಲ್ಲ, ನಾವು ಹೇಳಿದ್ದೇ ಅಷ್ಟು. ನಾವೂ ಅದನ್ನೇ ನಂಬಿ ಮೊಬೈಲ್ ನೋಡ್ತೀವಿ, ಒಂದ್ ಗಂಟೆ ಬಿಟ್ಟು ಇನ್ನೂ ಜಾಸ್ತಿ ಆಗಿರುತ್ತೆ.

ಅದಕ್ಕೆ ಎರಡು ವಾರ ಒಂದ್ ಸಣ್ಣ ಕೆಲ್ಸ ಮಾಡಿ. ಫೋನಲ್ಲಿ ನೋಟ್ಸ್ ತೆಗ್ದು, ಆ ಭಾರ ಅನ್ಸಿದಾಗೆಲ್ಲ ಒಂದೇ ಸಾಲು ಬರೀರಿ, ಟೈಮ್ ಎಷ್ಟು, ಎಲ್ಲಿದೀನಿ, ಸ್ವಲ್ಪ ಮುಂಚೆ ಏನ್ ಮಾಡ್ತಿದ್ದೆ. ಜೊತೆಗೆ ಹೊಟ್ಟೆ ಹಸ್ದಿದ್ಯಾ, ನಿದ್ದೆ ಆಗಿದ್ಯಾ, ಪೀರಿಯಡ್ಸ್ ಹತ್ರ ಇದ್ಯಾ, ಇವತ್ತು ಬೆಳಗ್ಗಿಂದ ಒಬ್ಬ ಮನುಷ್ಯರ ಜೊತೆನಾದ್ರೂ ಬಾಯಿ ಬಿಟ್ಟು ಮಾತಾಡಿದೀನಾ (ಮೆಸೇಜ್ ಲೆಕ್ಕಕ್ಕಿಲ್ಲ) ಅಂತ ಕೇಳ್ಕೊಳ್ಳಿ. ನಂದು ಎರಡು ವಾರ ಆದ್ಮೇಲೆ ನೋಡಿದ್ರೆ ಎರಡೇ ಜಾಗದಲ್ಲಿ ಗುಂಪು ಗುಂಪಾಗಿತ್ತು. ಒಂದು ಭಾನುವಾರ ಮಧ್ಯಾಹ್ನ ಮೂರರಿಂದ ಏಳು. ಇನ್ನೊಂದು ನಾನು ಅಂದ್ಕೊಂಡೇ ಇರ್ಲಿಲ್ಲ, ದಿನಾ ರಾತ್ರಿ ಮನೆಗೆ ಫೋನ್ ಮಾಡಿ ಇಟ್ಟ ತಕ್ಷಣ. ಸಮಾಧಾನ ಸಿಗ್ಲಿ ಅಂತ ಮಾಡ್ತಿದ್ದ ಫೋನೇ ಆಮೇಲೆ ಜಾಸ್ತಿ ನೋಯಿಸ್ತಿತ್ತು. ಯಾಕೆ ಅಂತ ಮುಂದೆ ಹೇಳ್ತೀನಿ. ನಿಮ್ಮದು ಬೇರೆ ಹೊತ್ತಲ್ಲಿ ಇರ್ಬಹುದು, ಆಫೀಸ್ ಕ್ಯಾಬಲ್ಲಿ ವಾಪಸ್ ಬರೋವಾಗ ಇರ್ಬಹುದು, ಹಬ್ಬದ ದಿನ ಇರ್ಬಹುದು. ದಿನಪೂರ್ತಿ ಇದೆ ಅಂತ ಅನ್ಸೋದು ಬರ್ದು ನೋಡಿದ್ರೆ ದಿನಕ್ಕೆ ಎರಡ್ಮೂರು ಗಂಟೆಗೆ ಬಂದು ನಿಲ್ಲುತ್ತೆ, ಆವಾಗ ಕೈಗೆ ಸಿಗುತ್ತೆ.

ನಾಚ್ಕೆ ಪಡೋ ವಿಷಯ ಅಲ್ಲ ಇದು

ನನಗೆ ಒಂಟಿತನಕ್ಕಿಂತ ಜಾಸ್ತಿ ಕಾಡಿದ್ದು ಅದರ ನಾಚ್ಕೆ. ಫ್ರೆಂಡ್ಸ್ ಇಲ್ಲ ಅಂದ್ರೆ ನನ್ನಲ್ಲೇ ಏನೋ ಐಬಿದೆ ಅಂತ. ಇದು ನಿಮಗೂ ಇದ್ರೆ ದಯವಿಟ್ಟು ಇದನ್ನ ಓದಿ. ವಿಶ್ವ ಆರೋಗ್ಯ ಸಂಸ್ಥೆ 2025ರ ಜೂನಲ್ಲಿ ಒಂದು ವರದಿ ಕೊಡ್ತು, ಪ್ರಪಂಚದಲ್ಲಿ ಪ್ರತಿ 6 ಜನರಲ್ಲಿ ಒಬ್ಬರಿಗೆ ಒಂಟಿತನ ಕಾಡ್ತಿದೆ, 13ರಿಂದ 29 ವರ್ಷದವರಲ್ಲಿ ನೂರಕ್ಕೆ 17ರಿಂದ 21 ಜನ ಹಂಗೇ ಹೇಳಿದಾರೆ ಅಂತ. ವಯಸ್ಸಾದವರ ಕಷ್ಟ ಅಂತ ನಾವು ಅಂದ್ಕೊಂಡಿದ್ದು ನಮ್ಮ ವಯಸ್ಸಿನವರಲ್ಲೇ ಇಷ್ಟಿದೆ. ಇಂಗ್ಲೆಂಡ್ ಸರ್ಕಾರ 2018ರಲ್ಲೇ ಇದಕ್ಕೆ ಅಂತ ಒಬ್ಬ ಮಂತ್ರಿನ ಇಟ್ತು. 2023ರ ಮೇನಲ್ಲಿ ಅಮೆರಿಕದ ಸರ್ಜನ್ ಜನರಲ್, ಅಂದ್ರೆ ಅಲ್ಲಿನ ಸರ್ಕಾರದ ದೊಡ್ಡ ಡಾಕ್ಟರು, ಇಡೀ ದೇಶಕ್ಕೆ ಒಂಟಿತನದ ಬಗ್ಗೆ ಎಚ್ಚರಿಕೆ ಬರೆದ್ರಲ್ಲ, ಆ ವಿವೇಕ್ ಮೂರ್ತಿ ಅವರ ಮನೆತನ ನಮ್ಮ ಮಂಡ್ಯ ಜಿಲ್ಲೆ ಹಲ್ಲೆಗೆರೆದು. ಅದನ್ನ ಓದಿದ ದಿನ ಯಾಕೋ ನಮ್ಮನೆ ಹಿರಿಯಣ್ಣ ಯಾರೋ ತಲೆ ಸವರಿ "ನಿಂದೇನೂ ತಪ್ಪಿಲ್ಲ ಕಣಮ್ಮ" ಅಂದಂಗೆ ಆಯ್ತು.

ಶಿಕಾಗೋ ಯೂನಿವರ್ಸಿಟೀಲಿ ಜಾನ್ ಕಸಿಯೊಪ್ಪೊ ಅಂತ ಒಬ್ರು ಜೀವನಪೂರ್ತಿ ಇದನ್ನೇ ಓದಿದ್ರು. ಅವರು ಹೇಳಿದ್ದು, ಒಂಟಿತನ ಹಸಿವು ಬಾಯಾರಿಕೆ ಇದ್ದಂಗೆ, ಮನುಷ್ಯರು ಬೇಕು ಅಂತ ದೇಹ ಕೊಡೋ ಸೂಚನೆ. ಹಸಿವಾದ್ರೆ ನಾವು ನಾಚ್ಕೊಳಲ್ಲ ತಾನೆ. ಇದರ ಜೊತೆ ಅವರು ಇನ್ನೊಂದು ಹೇಳಿದ್ರು, ಅದು ತುಂಬಾ ಮುಖ್ಯ. ಒಂಟಿತನ ಜಾಸ್ತಿ ದಿನ ಇದ್ರೆ ಮನಸು ಎಲ್ಲರ ಮುಖದಲ್ಲೂ "ನೀನು ಬೇಡ" ಅನ್ನೋದನ್ನೇ ಹುಡುಕೋಕೆ ಶುರು ಮಾಡುತ್ತೆ.

ನನ್ನ ವಿಷಯದಲ್ಲಿ ಇದು ಹೆಂಗಾಯ್ತು ಅಂದ್ರೆ, ಆಫೀಸಲ್ಲಿ ನಮ್ಮ ಟೀಮಿನ ನಾಲ್ಕು ಹುಡ್ಗೀರು ಒಂದ್ ಗಂಟೆಗೆ ಎದ್ದು ಕೆಳಗೆ ಊಟಕ್ಕೆ ಹೋಗೋರು, ನನ್ನ ಕರೀತಿರ್ಲಿಲ್ಲ. ನಾನು ಪಿಜಿ ಡಬ್ಬಿ ತೆಗ್ದು ಡೆಸ್ಕಲ್ಲೇ ತಿನ್ನೋಳು, ಇಯರ್‌ಫೋನ್ ಹಾಕ್ಕೊಂಡು, ಅವರು ಎದ್ದಾಗ ಬೇಕಂತ್ಲೇ ಸ್ಕ್ರೀನ್ ನೋಡೋಳು. ಎಂಟು ತಿಂಗಳು ಹಿಂಗೇ. ಒಂದಿನ ಕರೆಂಟ್ ಹೋಗಿ ಎಲ್ರೂ ಸುಮ್ನೆ ಕೂತಿದ್ದಾಗ ಅವರಲ್ಲೊಬ್ಳು, ಕರ್ನೂಲ್ ಹುಡ್ಗಿ, ಅವಳಾಗೇ ಕೇಳಿದ್ಲು, ನಿಂಗೆ ಒಬ್ಳೇ ತಿನ್ನೋದು ಇಷ್ಟ ಅಲ್ವಾ, ಡಿಸ್ಟರ್ಬ್ ಮಾಡೋದ್ ಬೇಡ ಅಂತ ನಾವು ಕರಿಯಲ್ಲ ಅಂತ. ನಾನು ಎಂಟು ತಿಂಗಳು ಅವರು ಬಾಗಿಲು ಹಾಕಿದಾರೆ ಅಂದ್ಕೊಂಡಿದ್ದೆ, ಅವರು ನಾನು ಚಿಲಕ ಹಾಕ್ಕೊಂಡಿದೀನಿ ಅಂದ್ಕೊಂಡಿದ್ರು. ಅದಕ್ಕೆ ಹೇಳ್ತೀನಿ, ಯಾರಾದ್ರೂ ನಿಮ್ಮನ್ನ ದೂರ ಇಟ್ಟಿದಾರೆ ಅನ್ಸಿದ್ರೆ ತೀರ್ಮಾನ ಮಾಡೋಕೆ ಮುಂಚೆ ಇಯರ್‌ಫೋನ್ ತೆಗ್ದು ಒಂದ್ ವಾರ ಇರಿ. ಆಮೇಲೂ ಹಂಗೇ ಇದ್ರೆ ಆ ಗುಂಪು ಬಿಟ್ಟಾಕಿ, ಬೇರೆ ಕಡೆ ನೋಡಿ.

ಗಂಟೆ ಲೆಕ್ಕ

ಈ ಬರಹದಲ್ಲಿ ಒಂದೇ ಒಂದು ವಿಷಯ ನೆನಪಿಟ್ಕೊಳ್ಳಿ ಅಂದ್ರೆ ಇದನ್ನ ಇಟ್ಕೊಳ್ಳಿ. ನಾವೆಲ್ಲ "ನನ್ನ ಥರದವ್ಳು" ಒಬ್ಳು ಸಿಗ್ಲಿ ಅಂತ ಕಾಯ್ತೀವಿ, ಸಿಕ್ಕ ದಿನವೇ ಮನಸು ಬಿಚ್ಚಿ ಮಾತಾಡ್ಬಹುದು ಅಂತ. ಸ್ಕೂಲಲ್ಲಿ ಫ್ರೆಂಡ್ಸ್ ಹೆಂಗಾದ್ರು ನೆನೆಸ್ಕೊಳ್ಳಿ, ರೋಲ್ ನಂಬರ್ ಪಕ್ಕ ಇತ್ತು, ಒಂದೇ ಬೆಂಚು, ಹತ್ತು ವರ್ಷ ಅದೇ ಮುಖ. ಸ್ನೇಹ ಆಗಿದ್ದು ಗಂಟೆಗಳಿಂದ. ಕ್ಯಾನ್ಸಸ್ ಯೂನಿವರ್ಸಿಟಿಯ ಜೆಫ್ರಿ ಹಾಲ್ ಅನ್ನೋರು 2018ರಲ್ಲಿ ಇದನ್ನ ಲೆಕ್ಕ ಹಾಕಿದ್ರು, ಪರಿಚಯ ಇರೋರು ಒಂದ್ ಮಟ್ಟಿಗೆ ಸ್ನೇಹಿತರಾಗೋಕೆ ಸುಮಾರು 50 ಗಂಟೆ ಜೊತೇಲಿ ಕಳೀಬೇಕು, ಸರಿಯಾದ ಸ್ನೇಹಕ್ಕೆ ಸುಮಾರು 90, ಹತ್ತಿರದ ಸ್ನೇಹಕ್ಕೆ 200ಕ್ಕೂ ಜಾಸ್ತಿ.

ಈಗ ನಿಮ್ಮ ಜೀವನಕ್ಕೆ ಹಾಕಿ ನೋಡಿ. ಆಫೀಸಲ್ಲಿ ಮಧ್ಯಾಹ್ನ ಊಟ ಅರ್ಧ ಗಂಟೆ, ವಾರಕ್ಕೆ ಐದು ದಿನ, ಎರಡೂವರೆ ಗಂಟೆ ಆಯ್ತು. 50 ಗಂಟೆ ಆಗೋಕೆ 20 ವಾರ, ಅಂದ್ರೆ ಹತ್ರ ಹತ್ರ ಐದು ತಿಂಗಳು. ನಾವು ಎರಡು ವಾರ ಜೊತೇಲಿ ಉಂಡು "ಸೆಟ್ ಆಗ್ಲಿಲ್ಲ" ಅಂತ ವಾಪಸ್ ಡೆಸ್ಕಿಗೆ ಬರ್ತೀವಿ, ಐದು ಗಂಟೆಗೇ ಕೈ ಬಿಟ್ಟಂಗೆ ಆಯ್ತು. ಹಂಗಾಗಿ ಯಾರು ಅಂತ ಹುಡುಕ್ಬೇಡಿ, ಎಲ್ಲಿ ಮತ್ತೆ ಯಾವ ಹೊತ್ತಿಗೆ ಅಂತ ಹುಡುಕಿ. ಅದೇ ಜಾಗ, ಅದೇ ಟೈಮ್, ಅದೇ ಮುಖಗಳು. ಒಂದ್ ಸಲ ಟ್ರೆಕ್ಕಿಂಗ್ ಹೋಗಿ 25 ಜನ ಹೊಸಬರ ಜೊತೆ ಫೋಟೋ ತೆಗ್ಸ್ಕೊಂಡು ಬರೋದಕ್ಕಿಂತ ವಾರ ವಾರ ಶನಿವಾರ ಒಂದೇ ಯೋಗ ಕ್ಲಾಸಿಗೆ ಹೋಗೋದು ವಾಸಿ. ಟ್ರೆಕ್ಕಿಂಗ್ ಹೋಗ್ಬೇಡಿ ಅಂತಲ್ಲ, ಖುಷಿಗೆ ಹೋಗಿ, ಸ್ನೇಹ ಸಿಗುತ್ತೆ ಅಂತ ಹೋಗಿ ಸೋಮವಾರ ಇನ್ನೂ ಖಾಲಿ ಆಗ್ಬೇಡಿ.

ಬೆಂಗಳೂರಲ್ಲಿ ದುಡ್ಡಿಲ್ದೇ ಇಂಥ ಜಾಗ ಇದಾವೆ. ಕಬ್ಬನ್ ಪಾರ್ಕಲ್ಲಿ 2023ರಿಂದ ಶನಿವಾರ ಬೆಳಿಗ್ಗೆ ಜನ ಪುಸ್ತಕ ತಂದು ಹುಲ್ಲಿನ ಮೇಲೆ ಕೂತು ಸುಮ್ನೆ ಓದ್ತಾರೆ, ಕಬ್ಬನ್ ರೀಡ್ಸ್ ಅಂತ ಅದಕ್ಕೆ ಹೆಸ್ರು, ಯಾರ ಜೊತೆಗೂ ಮಾತಾಡ್ಲೇಬೇಕು ಅಂತಿಲ್ಲ. ಮಾತು ಬರದ ಹುಡ್ಗೀರಿಗೆ ಇದು ತುಂಬಾ ಒಳ್ಳೇ ಶುರು, ನಾಲ್ಕ್ ವಾರ ಹೋದ್ರೆ ಪಕ್ಕ ಕೂರೋರು ತಾವಾಗೇ ಏನ್ ಓದ್ತಿದೀರಾ ಅಂತಾರೆ. ಅದೇ ಪಾರ್ಕಲ್ಲಿ ಕೆಂಪು ಕಟ್ಟಡದ ರಾಜ್ಯ ಕೇಂದ್ರ ಗ್ರಂಥಾಲಯನೂ ಇದೆ. ಜೆಪಿ ನಗರದ ರಂಗಶಂಕರದಲ್ಲಿ 2004ರಿಂದ ನಾಟಕ ನಡೀತಿದೆ, ಒಬ್ರೇ ಹೋದ್ರೂ ಅಲ್ಲಿ ಯಾರೂ ತಿರುಗಿ ನೋಡಲ್ಲ, ಲೇಟಾಗಿ ಹೋದ್ರೆ ಮಾತ್ರ ಒಳಗೆ ಬಿಡಲ್ಲ, ಬೇಗ ಹೋಗಿ ಹೊರಗಡೆ ಕ್ಯಾಂಟೀನ್ ಹತ್ರ ಕೂತ್ಕೊಳ್ಳಿ. ಕಣ್ಣು ಕಾಣದ ವಿದ್ಯಾರ್ಥಿಗಳಿಗೆ ಪರೀಕ್ಷೆ ಬರ್ಕೊಡೋಕೆ ಜನ ಯಾವಾಗ್ಲೂ ಬೇಕಾಗಿರ್ತಾರೆ, ಅವರು ಹೇಳ್ತಾರೆ ನಾವು ಬರೀತೀವಿ, ಮೂರು ಗಂಟೆ ಮೇಲೇ ಆಗುತ್ತೆ, ಕೆಲವು ಪರೀಕ್ಷೆಗೆ ಬರೆಯೋರ ಓದು ಅವರಿಗಿಂತ ಕಡ್ಮೆ ಇರ್ಬೇಕು ಅನ್ನೋ ನಿಯಮ ಇರುತ್ತೆ ಅದನ್ನ ಮೊದ್ಲೇ ಕೇಳ್ಕೊಳ್ಳಿ. ನಾನು ಮೊದಲ ಸಲ ಬರೆದು ಬಂದ ದಿನ, ಆ ಹುಡ್ಗಿ ಹೊರಗೆ ಬಂದು ನನ್ನ ಕೈ ಹಿಡ್ಕೊಂಡು "ಅಕ್ಕಾ ನಿಮ್ಮ ಅಕ್ಷರ ದುಂಡಗಿದ್ಯಾ" ಅಂತ ಕೇಳಿದ್ಲು. ಯಾರೋ ಒಬ್ರಿಗೆ ನಾನು ಬೇಕಾಗಿದ್ದೆ ಅನ್ನೋದು ಅವತ್ತು ರಾತ್ರಿಪೂರ್ತಿ ಇತ್ತು.

ಓಡಾಟದ ಖರ್ಚು ಅಂದ್ರೆ, 2023ರ ಜೂನ್ 11ರಿಂದ ಶಕ್ತಿ ಯೋಜನೆ ಇದೆಯಲ್ಲ, ಕರ್ನಾಟಕದ ವಿಳಾಸ ಇರೋ ಆಧಾರ್ ತೋರಿಸಿದ್ರೆ ಬಿಎಂಟಿಸಿ ಸಾದಾ ಬಸ್ಸಲ್ಲಿ ದುಡ್ಡಿಲ್ಲ. ದುಡ್ಡಿಲ್ಲ ಅಂತ ಭಾನುವಾರ ರೂಮಲ್ಲೇ ಇರ್ತಿದ್ದ ಎಷ್ಟೋ ಹುಡ್ಗೀರು ಈಗ ಲಾಲ್‌ಬಾಗಿಗೆ ಹೋಗಿ ಬರ್ತಾರೆ.

ಬೈಟೂ ಅಳತೆ

ಕರೆಯೋದು ಹೆಂಗೆ ಅಂತ ತುಂಬಾ ಜನ ಕೇಳ್ತಾರೆ. ಸಣ್ಣದಾಗಿ ಕರೀರಿ. "ವೀಕೆಂಡ್ ಎಲ್ಲಾದ್ರೂ ಹೋಗೋಣ್ವಾ" ಅಂದ್ರೆ ಎದುರಿಗಿರೋರು ಯೋಚ್ನೆ ಮಾಡ್ಬೇಕು, ದುಡ್ಡು, ಬಟ್ಟೆ, ಎಷ್ಟ್ ಹೊತ್ತಿಗೆ ವಾಪಸ್ಸು. "ಒಂದ್ ಬೈಟೂ ಕಾಫಿ ಹೇಳ್ಲಾ" ಅಂದ್ರೆ ಯೋಚ್ನೆ ಮಾಡೋಕೇನೂ ಇಲ್ಲ. ಒಂದು ಕಾಫಿ ಎರಡು ಲೋಟ, ಹತ್ತು ನಿಮಿಷ, ಮಾತು ಹೊಂದ್ಲಿಲ್ಲ ಅಂದ್ರೂ ಅರ್ಧ ಲೋಟಕ್ಕೆ ಮುಗೀತು. ಕರೆಯೋದೆಲ್ಲ ಈ ಅಳತೇಲಿ ಇರ್ಲಿ, ಮೆಡಿಕಲ್‌ಗೆ ಹೋಗ್ತಿದೀನಿ ಬರ್ತೀಯಾ, ಕೆಳಗೆ ಒಂದ್ ರೌಂಡ್ ವಾಕ್ ಮಾಡೋಣ್ವಾ, ಅಷ್ಟೇ. ದಿನಾ ಕಾಲು ಗಂಟೆ ಬೈಟೂ ಸೇರಿದ್ರೆ ಆ 50 ಗಂಟೆ ಎಷ್ಟು ಬೇಗ ತುಂಬುತ್ತೆ ನೀವೇ ನೋಡಿ.

ಒಬ್ರೇ ಹೊರಗೆ ತಿನ್ನೋಕೆ ಮುಜುಗರ ಇದ್ರೆ ದರ್ಶಿನಿಗೆ ಹೋಗಿ. ಕೂತು ತಿನ್ನೋ ಹೋಟ್ಲಲ್ಲಿ ಬಾಗಿಲಲ್ಲೇ "ಎಷ್ಟು ಜನ" ಅಂತ ಕೇಳ್ತಾರೆ, ಒಬ್ಳೇ ಅಂತ ಬಾಯಿಬಿಟ್ಟು ಹೇಳೋದು ಕೆಲವು ದಿನ ಆಗಲ್ಲ. ದರ್ಶಿನೀಲಿ ಎಲ್ರೂ ನಿಂತೇ ತಿಂತಾರೆ, ಎದೆಯೆತ್ತರದ ಟೇಬಲ್ಲು, ಎದುರಿಗೆ ಯಾರೋ ಅಂಕಲ್ಲು ಇಡ್ಲಿ ವಡೆ ತಿಂತಿರ್ತಾರೆ, ಚಟ್ನಿ ಬೇಕಾ ಅಂತ ಬಟ್ಲು ತಳ್ತಾರೆ. ಅಲ್ಲಿ ಒಬ್ರೇ ಇರೋದು ಎದ್ದು ಕಾಣಲ್ಲ.

ದಿನಾ ನೋಡೋ ಮುಖಗಳು

ಹತ್ತಿರದ ಸ್ನೇಹ ಆಗೋ ತನಕ ದಿನ ಹೆಂಗ್ ತಳ್ಳೋದು ಅನ್ನೋದಕ್ಕೆ ಇದು. ಹೂವಿನಕ್ಕ, ಇಸ್ತ್ರಿ ಅಣ್ಣ, ಪಿಜಿ ಅಡುಗೆ ಅಕ್ಕ, ಸೆಕ್ಯೂರಿಟಿ ತಾತ, ಇವರ ಜೊತೆ ದಿನಾ ಕೆಲಸದ ಮಾತಿನ ಮೇಲೆ ಒಂದು ವಾಕ್ಯ ಜಾಸ್ತಿ ಆಡಿ. ಒಂದೇ ಸಾಕು. ಜಿಲಿಯನ್ ಸ್ಯಾಂಡ್‌ಸ್ಟ್ರಾಮ್ ಅನ್ನೋ ಮನಶ್ಶಾಸ್ತ್ರಜ್ಞೆ ಟೊರಾಂಟೋದಲ್ಲಿ ಓದ್ತಿದ್ದಾಗ ದಾರೀಲಿ ಹಾಟ್ ಡಾಗ್ ಮಾರೋ ಹೆಂಗಸಿಗೆ ದಿನಾ ನಕ್ಕು ಕೈ ಬೀಸ್ತಿದ್ರಂತೆ, ಅಷ್ಟೇ ಪರಿಚಯ, ಆದ್ರೆ ಅವರು ಕಾಣ್ದೇ ಇದ್ದ ದಿನ ಏನೋ ಕಮ್ಮಿ ಅನ್ಸೋದಂತೆ. ಇಂಥ ಸಣ್ಣ ಪರಿಚಯಗಳು ಜಾಸ್ತಿ ಇದ್ದ ದಿನ ಜನ ಹೆಚ್ಚು ಖುಷಿಯಾಗಿರ್ತಾರೆ ಅಂತ ಆಮೇಲೆ ಅವರ ಸಂಶೋಧನೇಲೂ ಬಂತು.

ನಂದು ಹೂವಿನಕ್ಕ. ಬಸ್‌ಸ್ಟಾಪ್ ಪಕ್ಕ ಮಂಕ್ರಿ ಇಟ್ಕೊಂಡು ಕೂರೋರು, ನಾನು ದಿನಾ ಸಂಜೆ ಒಂದು ಮೊಳ ತಗೋತಿದ್ದೆ. ಮೊಣಕೈಯಿಂದ ಬೆರಳ ತುದಿ ತನಕ ಅಳೆದು, ದಾರ ಹಲ್ಲಲ್ಲಿ ಕಚ್ಚಿ ಹರಿಯೋ ಮುಂಚೆ ಇನ್ನೆರಡು ಬೆರಳು ಜಾಸ್ತಿ ಬಿಡೋರು. ಮೊದಮೊದ್ಲು ಎಷ್ಟು ಅಂತ ಕೇಳೋದು ಕೊಡೋದು ಅಷ್ಟೇ. ಒಂದಿನ "ಇವತ್ತು ಮೊಗ್ಗು ಚೆನ್ನಾಗಿದೆ ಅಕ್ಕ, ಮಾರ್ಕೆಟಿಗೆ ಎಷ್ಟೊತ್ತಿಗೆ ಹೋಗ್ತೀರಾ" ಅಂದೆ, ಬೆಳಗಿನ ಜಾವ ನಾಲ್ಕಕ್ಕೆ ಅಂದ್ರು, ಅಲ್ಲಿಂದ ಶುರು. ಆಮೇಲೊಂದ್ ಸಲ ಜ್ವರ ಬಂದು ನಾಲ್ಕು ದಿನ ರೂಮಲ್ಲೇ ಮಲಗಿದ್ದೆ. ಐದನೇ ದಿನ ಹೋದ್ರೆ ಅವರು ನನ್ನ ಮುಖ ನೋಡಿ, "ಎಲ್ಲೋಗಿದ್ಯವ್ವಾ, ಊರಲ್ಲಿ ಗಂಡು ನೋಡಕ್ಕೆ ಬಂದವ್ರೇನೋ ಅನ್ಕಂಡೆ, ನೋಡುದ್ರೆ ಮುಖ ಸೊರಗೋಗದೆ" ಅಂದ್ರು. ಅವತ್ತು ದುಡ್ಡು ತಗೊಳ್ಳಲಿಲ್ಲ. ನಾನು ನಾಲ್ಕು ದಿನ ಕಾಣ್ದೇ ಇದ್ದಿದ್ದನ್ನ ಇಡೀ ಬೆಂಗಳೂರಲ್ಲಿ ಎಣಿಸಿದ್ದು ಅವರೊಬ್ರೇ.

ಮನೆ ಫೋನು

ಫೋನ್ ಇಟ್ಟ ತಕ್ಷಣ ಯಾಕೆ ಜಾಸ್ತಿ ನೋಯ್ತಿತ್ತು ಅಂದೆನಲ್ಲ. ನಮ್ಮ ಫೋನು ದಿನಾ ಹಿಂಗಿತ್ತು. ಊಟ ಆಯ್ತಾ, ಹೂಂ ಆಯ್ತು, ಏನ್ ಊಟ, ಅನ್ನ ಸಾರು, ಆಫೀಸ್ ಹೆಂಗಿದೆ, ಚೆನ್ನಾಗಿದೆ, ಸರಿ ಮಲ್ಕೋ. ಮೂರು ನಿಮಿಷ. ಎಷ್ಟೋ ದಿನ ಊಟ ಆಗಿರ್ತಿರ್ಲಿಲ್ಲ. ನನ್ನ ತುಂಬಾ ಪ್ರೀತಿಸೋರ ಹತ್ರನೇ ದಿನಾ ಸುಳ್ಳು ಹೇಳಿ ಫೋನ್ ಇಡ್ತಿದ್ದೆ, ಅದಕ್ಕೇ ಅದು ಖಾಲಿ ಮಾಡ್ತಿತ್ತು. ನಿಜ ಹೇಳಿದ್ರೆ ಏನಾಗುತ್ತೆ ಅಂತ ನಮಗೆಲ್ಲ ಗೊತ್ತು, ಒಂದು "ಕೆಲ್ಸ ಬಿಟ್ಟು ವಾಪಸ್ ಬಾ", ಇಲ್ಲ "ಒಂದ್ ಒಳ್ಳೇ ಸಂಬಂಧ ಬಂದಿದೆ". ಆ ಭಯಕ್ಕೆ ಚೆನ್ನಾಗಿದೀನಿ ಅಂತೀವಿ.

ಎರಡು ಕೆಲ್ಸ ಮಾಡಿ. ಒಂದು, ಹೌದು ಇಲ್ಲ ಅಂತ ಉತ್ರ ಬರೋ ಪ್ರಶ್ನೆ ಬಿಟ್ಟು ದಿನಕ್ಕೊಂದು ನಿಜವಾದ ಸಣ್ಣ ಸುದ್ದಿ ಹೇಳಿ, ಒಂದು ಸುದ್ದಿ ಕೇಳಿ. ಇವತ್ತು ಬಸ್ಸಲ್ಲಿ ಒಂದು ಮಗು ನನ್ನ ಬಳೆ ಹಿಡ್ಕೊಂಡು ಬಿಡ್ಲೇ ಇಲ್ಲಮ್ಮ, ನಮ್ಮ ಗೌರಿ ಕರು ಹಾಕ್ತಾ, ಮಾವಿನ ಉಪ್ಪಿನಕಾಯಿಗೆ ಸಾಸಿವೆ ಹುರೀಬೇಕಾ. ಎರಡು, ಎದೆ ಭಾರ ಇರೋ ದಿನ ಮೊದ್ಲೇ ಬೇಲಿ ಹಾಕಿ ಮಾತು ಶುರು ಮಾಡಿ. ನಾನು ಹೇಳಿದ್ದು ಇಷ್ಟು: "ಅಮ್ಮಾ, ಅಪ್ಪಂಗೆ ಹೇಳ್ಬೇಡ, ವಾಪಸ್ ಬಾ ಅನ್ಬೇಡ, ನಂಗ್ಯಾಕೋ ಇಲ್ಲಿ ಯಾರೂ ಇಲ್ಲ ಅನ್ಸುತ್ತೆ, ಒಂದ್ ಹತ್ತು ನಿಮಿಷ ಇಡ್ಬೇಡ ಫೋನ್."

ಅಮ್ಮ ಸ್ವಲ್ಪ ಹೊತ್ತು ಏನೂ ಮಾತಾಡ್ಲಿಲ್ಲ. ಆಮೇಲೆ ಅವರ ಮದ್ವೆಯಾದ ಮೊದಲ ವರ್ಷದ ಕಥೆ ಹೇಳಿದ್ರು. ಹತ್ತೊಂಬತ್ತು ವರ್ಷ, ಮನೆ ತುಂಬಾ ಹದಿನಾಲ್ಕು ಜನ, ಎಲ್ರಿಗೂ ಬಡಿಸಿ ಕಡೆಗೆ ಒಬ್ರೇ ಉಣ್ಣೋದು, ಹಿತ್ತಲ ಕರಿಬೇವಿನ ಗಿಡದ ಹತ್ರ ನಿಂತು ಅಳೋದು, ಯಾರಾದ್ರೂ ಬಂದ್ರೆ ಈರುಳ್ಳಿ ಹೆಚ್ಚಿದೆ ಅನ್ನೋದು. ಇಪ್ಪತ್ತಾರು ವರ್ಷದಲ್ಲಿ ನನಗೆ ಇದು ಗೊತ್ತೇ ಇರ್ಲಿಲ್ಲ. ನಮ್ಮ ಹೆಣ್ಮಕ್ಕಳು ಬೀಸೋ ಕಲ್ಲಿನ ಮುಂದೆ ಕೂತು ತವರಿನ ಪದ ಅಷ್ಟೊಂದು ಯಾಕೆ ಹಾಡಿದ್ರು ಅಂತ ಅವತ್ತು ಅರ್ಥ ಆಯ್ತು, ಹೇಳ್ಕೊಳ್ಳೋಕೆ ಜನ ಇಲ್ದಾಗ ಕಲ್ಲಿಗೆ ಹೇಳ್ತಿದ್ರು. ಮದ್ವೆ ಆದ್ರೆ ಎಲ್ಲ ಸರಿ ಹೋಗುತ್ತೆ ಅಂತ ನಿಮಗೆ ಯಾರಾದ್ರೂ ಹೇಳಿದ್ರೆ ನಿಮ್ಮ ಅಮ್ಮನ್ನೋ ಅಜ್ಜಿನೋ ಅವರ ಮೊದಲ ವರ್ಷದ ಬಗ್ಗೆ ಕೇಳಿ ನೋಡಿ. ಮದ್ವೆ ಬೇಕು ಅನ್ಸಿದಾಗ ಆಗಿ, ಭಾನುವಾರ ಕಳೆಯೋಕೆ ಅಂತ ಆಗ್ಬೇಡಿ.

ಇದೇ ಕಾರಣಕ್ಕೆ ಆನ್‌ಲೈನಲ್ಲಿ ಸಿಗೋರ ಬಗ್ಗೆ ಒಂದ್ ಮಾತು. ಒಂದೇ ವಾರದಲ್ಲಿ ನೀನೇ ನನ್ನ ಪ್ರಪಂಚ ಅನ್ನೋರು, ಬೇರೆಯವರ ಜೊತೆ ಮಾತಾಡ್ಬೇಡ ಅನ್ನೋರು, ಫೋಟೋ ಅಥವಾ ದುಡ್ಡು ಕೇಳೋರು, ಮೂರೂ ಅಪಾಯ. ಹಸ್ದಿರೋರಿಗೆ ಹಳಸಿದ್ದೂ ರುಚಿ ಅನ್ಸುತ್ತೆ, ಅದಕ್ಕೇ ಹೇಳ್ತಿರೋದು. ಮೊದಲ ಸಲ ಭೇಟಿ ಆಗೋದಾದ್ರೆ ಹಗಲು ಹೊತ್ತು, ಜನ ಇರೋ ಜಾಗ, ನಿಮ್ಮದೇ ಗಾಡಿ ಅಥವಾ ಬಸ್ಸು, ಪಿಜಿಲಿ ಒಬ್ರಿಗೆ ಹೇಳಿ ಹೋಗೋದು. ದುಡ್ಡು ಹೋಗಿದ್ರೆ ನಾಚ್ಕೊಂಡು ಕೂರ್ಬೇಡಿ, ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ತಕ್ಷಣ ಫೋನ್ ಮಾಡಿ.

ಇಷ್ಟಕ್ಕೂ ಮೀರಿದಾಗ

ಎರಡು ವಾರದ ಮೇಲೂ ನಿದ್ದೆ ಇಲ್ಲ ಅಥವಾ ಎದ್ದೇಳೋಕೇ ಆಗ್ತಿಲ್ಲ, ಊಟ ಸೇರ್ತಿಲ್ಲ, ಸ್ನಾನ ಮಾಡೋಕೂ ಮನಸಿಲ್ಲ, ಜನ ಇದ್ರೂ ಒಂದೇ ಇಲ್ದಿದ್ರೂ ಒಂದೇ ಅನ್ಸ್ತಿದೆ, ಬದುಕೋದೇ ಬೇಡ ಅನ್ನೋ ಯೋಚ್ನೆ ಬರ್ತಿದೆ ಅಂದ್ರೆ ಇದು ಒಂಟಿತನದ ಗಡಿ ದಾಟಿದೆ, ಬೈಟೂ ಕಾಫಿಗೆ ಹೋಗಲ್ಲ. 14416ಕ್ಕೆ ಫೋನ್ ಮಾಡಿ. ಟೆಲಿ ಮಾನಸ್ ಅಂತ, ಕೇಂದ್ರ ಸರ್ಕಾರ 2022ರ ಅಕ್ಟೋಬರ್ 10ರಂದು ಶುರು ಮಾಡಿದ್ದು, ದಿನದ 24 ಗಂಟೆನೂ ಇರುತ್ತೆ, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡ್ಬಹುದು. ಏನ್ ಹೇಳ್ಬೇಕು ಗೊತ್ತಾಗ್ಲಿಲ್ಲ ಅಂದ್ರೆ "ನನಗೆ ಮಾತಾಡೋಕೆ ಯಾರೂ ಇಲ್ಲ, ಮನಸು ಸರಿ ಇಲ್ಲ" ಅಷ್ಟೇ ಹೇಳಿ, ಮುಂದೆ ಅವರೇ ಕೇಳ್ತಾರೆ. ಬೆಂಗಳೂರಲ್ಲಿ ನಿಮ್ಹಾನ್ಸ್ ಇದೆ, ಜಿಲ್ಲಾ ಆಸ್ಪತ್ರೇಲೂ ಮಾನಸಿಕ ವಿಭಾಗ ಇರುತ್ತೆ. ಅದೇ ಕ್ಷಣಕ್ಕೆ ಏನಾದ್ರೂ ಮಾಡ್ಕೊಂಬಿಡ್ತೀನಿ ಅನ್ಸಿದ್ರೆ ರೂಮಲ್ಲಿ ಒಬ್ರೇ ಇರ್ಬೇಡಿ, ಪಕ್ಕದ ರೂಮಿನ ಬಾಗಿಲು ಬಡೀರಿ, 112ಕ್ಕೆ ಫೋನ್ ಮಾಡಿ.

ಮತ್ತೆ ಭಾನುವಾರಕ್ಕೆ ಬರೋಣ

ನಮ್ಮ ಪಿಜಿಲಿ ಭಾನುವಾರ ಮಧ್ಯಾಹ್ನ ಸ್ಪೆಷಲ್ ಊಟ ಕೊಟ್ಟು ರಾತ್ರಿ ಅಡುಗೆ ಮಾಡ್ತಿರ್ಲಿಲ್ಲ, ತುಂಬಾ ಪಿಜಿಗಳಲ್ಲಿ ಹಂಗೇ. ಎಷ್ಟೋ ಭಾನುವಾರ ನಾನು ಬ್ರೆಡ್ಡು ಮೊಸರು ತಂದು ಮಂಚದ ಮೇಲೆ ಕೂತು ತಿಂದು ಮಲಗಿದೀನಿ. ಆಮೇಲೆ ಹೊಳೀತು, ಈ ಬಿಲ್ಡಿಂಗಲ್ಲಿ ಅರವತ್ತು ಹುಡ್ಗೀರು ಇದ್ದಾರೆ, ಊರಿಗೆ ಹೋದೋರನ್ನ ಬಿಟ್ರೂ ಇಪ್ಪತ್ತು ಜನಕ್ಕೆ ಇವತ್ತು ರಾತ್ರಿ ಊಟ ಇಲ್ಲ, ಅವರೂ ಇದೇ ಥರ ಬಾಗಿಲು ಹಾಕ್ಕೊಂಡು ಕೂತಿರ್ತಾರೆ.

ಹಂಗಾಗಿ ಭಾನುವಾರಕ್ಕೆ ಹೀಗ್ ಮಾಡಿ. ಬೆಳಿಗ್ಗೆ ತಲೆಗೆ ಎಣ್ಣೆ ಹಾಕಿ ಸ್ನಾನ ಮಾಡ್ಕೊಳ್ಳಿ, ಬಟ್ಟೆ ಒಗೆಯೋದು ಬೆಳಿಗ್ಗೆ ಮುಗಿಸದೆ ಮೂರು ಗಂಟೆಗೆ ಇಟ್ಕೊಳ್ಳಿ, ಆ ಹೊತ್ತಲ್ಲಿ ಟೆರೇಸಲ್ಲಿ ಬೇರೆಯವರೂ ಇರ್ತಾರೆ, ಬಿಸಿಲೂ ಬೀಳುತ್ತೆ. ಐದು ಗಂಟೆ ತನಕ ಫೋನ್ ಚಾರ್ಜಿಗೆ ಹಾಕಿ ಕೈಗೆ ಸಿಗದಂಗೆ ಇಡಿ. ಏಳು ಗಂಟೆಗೆ, ಹೊಟ್ಟೆ ಪೂರ್ತಿ ಹಸಿಯೋಕೆ ಮುಂಚೆ, ಒಂದು ಬಾಗಿಲು ತಟ್ಟಿ. ಕೈಯಲ್ಲಿ ಪರ್ಸ್ ಹಿಡ್ಕೊಂಡೇ ತಟ್ಟಿ, ಅವಳು ಬರ್ಲಿ ಬರ್ದೇ ಇರ್ಲಿ ನೀವು ಹೊರಗೆ ಹೋಗೋರೇ ಅಂತ ನಿಮಗೂ ಗೊತ್ತಿರ್ಬೇಕು ಅವಳಿಗೂ ಕಾಣ್ಬೇಕು.

ನಾನು ಮೊದ್ಲು ತಟ್ಟಿದ್ದು ಎದುರು ರೂಮು, ರಾಯಚೂರಿನ ಹುಡ್ಗಿ, ಬಿಎಡ್ ಮುಗಿಸಿ ಖಾಸಗಿ ಸ್ಕೂಲಲ್ಲಿ ಕೆಲ್ಸ ಮಾಡ್ತಿದ್ಲು. ಬಾಗಿಲು ಅರ್ಧ ತೆಗ್ದಳು. "ತಟ್ಟೆ ಇಡ್ಲಿ ತಿನ್ನೋಕೆ ಹೋಗ್ತಿದೀನಿ, ಬರ್ತೀರಾ" ಅಂದೆ. "ಇಲ್ರೀ, ಈಗಷ್ಟೇ ಆರ್ಡರ್ ಮಾಡೀನಿ" ಅಂದ್ಲು. ಮುಖ ಬಿಸಿಯಾಯ್ತು, ಆದ್ರೂ ಒಬ್ಳೇ ಹೋಗಿ ತಿಂದು ಬಂದೆ. ಎರಡು ವಾರ ಬಿಟ್ಟು ಮತ್ತೆ ತಟ್ಟಿದೆ, ಅದೇ ಹೊತ್ತು, ಅದೇ ಮಾತು. ಅವಳು ನನ್ನ ಮುಖ ನೋಡಿ, ಒಳಗೆ ತಿರುಗಿ ಒಂದ್ ಸಲ ಗ್ಯಾಸ್ ಇಲ್ಲದ ಆ ರೂಮು ನೋಡಿ, "ತಡೀರಿ, ದುಪಟ್ಟಾ ಹಾಕ್ಕೊಂಡ್ ಬರ್ತೀನಿ" ಅಂದ್ಲು.